ಬಟ್ಟೆಯಿಲ್ಲದೆ ಓಡಿದ ಹೊಲಿಗೆಯಂತ್ರ

ಶಸ್ತ್ರಚಿಕಿತ್ಸೆಯಲ್ಲಿ ದೊಡ್ಡಕರುಳಿನ ತುದಿಯನ್ನು ಹೊಟ್ಟೆಯ ಎಡಬದಿಯಿಂದ ಹೊರತಂದು ಮಲ ಸೇರುವ ಚೀಲ ಅಂಟಿಸಿದಂದಿನಿಂದ ದರ್ಜಿ ಅಳತೆ ಟೇಪು ಮುಟ್ಟಿರಲಿಲ್ಲ. ಅಳತೆಯೆಂದರೆ ಗಿರಾಕಿಯ ಉಸಿರು ತಾಕುವಷ್ಟು ಹತ್ತಿರ ನಿಲ್ಲುವ ಕೆಲಸ. ಹಿಂದೆಯಾದರೆ ಹೊಟ್ಟೆಯ ಗಾಳಿಯನ್ನು ತಡೆಹಿಡಿಯಬಹುದಿತ್ತು. ಈಗ ಅದು ಅಂಗಿಯ ಗುಂಡಿಗಳ ಮರೆಯಿಂದ, ಯಾರ ಅಪ್ಪಣೆಯನ್ನೂ ಕೇಳದೆ, ತನಗೆ ಮನಸ್ಸಾದಾಗ ಮಾತಾಡುತ್ತಿತ್ತು.

ಹೊಟ್ಟೆ ತೆಪ್ಪಗಿರಲೆಂದು ಅವನು ಬೆಳಗಿನ ತಿಂಡಿ ಬಿಟ್ಟ. ಆದರೂ ಅದು ಗುರುಗುಟ್ಟಿದೊಡನೆ ಹೊಲಿಗೆಯಂತ್ರ ತುಳಿಯುತ್ತಿದ್ದ. ಸೂಜಿಯ ಕೆಳಗೆ ಬಟ್ಟೆ ಇದ್ದರೂ ಸರಿ, ಇಲ್ಲದಿದ್ದರೂ ಸರಿ.

ಅಳತೆಯ ಹೊಣೆ ಹೆಂಡತಿಯ ತಮ್ಮನ ತಲೆಗೆ ಬಿತ್ತು. ಕತ್ತರಿಯಲ್ಲಿ ಕೈ ಪಳಗಿದವನೇ, ಅಳತೆಯಲ್ಲಿ ಮಾತ್ರ ಎಡವಟ್ಟು. ಹಳೆಯ ಗಿರಾಕಿ ಮೇಷ್ಟ್ರ ಕೋಟು ಭುಜ ಸರಿಯಿಲ್ಲವೆಂದು ಮತ್ತೆ ವಾಪಸು ಬಂತು.

"ಸಂಜೆ ಬರ್ತೀನಿ, ನೀವೇ ಅಳೀರಿ. ಆಗಲ್ಲ ಅಂದ್ರೆ ಬೇರೆ ಕಡೆ ನೋಡ್ಕೋತೀನಿ" ಎಂದು ಮೇಷ್ಟ್ರು ಹೊರಟುಹೋದರು.

ಭಾಮೈದ ಯಂತ್ರದ ಸೂಜಿಯ ಬಳಿಯ ಪಾದವನ್ನೆತ್ತಿ, ಬಟ್ಟೆಯನ್ನು ಮುಂದಕ್ಕೆ ತಳ್ಳುವ ಉಕ್ಕಿನ ಹಲ್ಲುಗಳ ಮೇಲೆ ಬೆರಳಾಡಿಸಿದ.

"ಹಲ್ಲೆಲ್ಲ ಸವೆದಿದೆ ಭಾವ. ಬಟ್ಟೆ ಇಲ್ದೆ ಯಾಕೆ ತುಳೀತೀರಿ? ಆ ಹೊಟ್ಟೆ ಸದ್ದು ನಂಗೆ ಹೇಗಿದ್ರೂ ಕೇಳುತ್ತೆ."

ದರ್ಜಿಗೆ ನೆಲ ಬಾಯ್ಬಿಡಬಾರದೆ ಎನ್ನಿಸಿತು. ಇಷ್ಟು ದಿನ ಇವನು ಕೇಳಿಸಿಕೊಂಡೂ ಕೇಳಿಸದವನಂತೆ ಕುಳಿತಿದ್ದನೇ!

ಮಧ್ಯಾಹ್ನ ಆಸ್ಪತ್ರೆಗೆ ಹೋಗಿ, ಚೀಲ ಬದಲಿಸುವುದನ್ನು ಕಲಿಸಿದ್ದ ನರ್ಸಮ್ಮನ ಮುಂದೆ ತಲೆ ತಗ್ಗಿಸಿ ನಿಂತ. ತಿಂಡಿ ಬಿಟ್ಟದ್ದನ್ನು ಕೇಳಿ ಆಕೆ ಗದರಿದಳು.

"ಖಾಲಿ ಹೊಟ್ಟೇನೇ ಜಾಸ್ತಿ ಗುರುಗುಟ್ಟೋದು. ನಿಧಾನವಾಗಿ ಅಗಿದು ತಿನ್ನಿ, ಕಮ್ಮಿಯಾಗುತ್ತೆ. ಪೂರ್ತಿ ನಿಲ್ಲಲ್ಲ. ಕರುಳು ಕೆಲಸ ಮಾಡೋ ಸದ್ದು ಅದು."

ಸದ್ದು ಬಂದಾಗ ಚೀಲದ ಮೇಲೆ ಅಂಗೈಯನ್ನು ಮೆಲ್ಲಗೆ ಒತ್ತಿ ಹಿಡಿದರೆ ತಗ್ಗುತ್ತದೆಂದೂ ಹೇಳಿಕೊಟ್ಟಳು.

ದರ್ಜಿ ನಿಧಾನವಾಗಿ ಉಂಡು ಅಂಗಡಿಗೆ ಬಂದ. ಸಂಜೆ ಮೇಷ್ಟ್ರು ಕನ್ನಡಿಯೆದುರು ನಿಂತರು. ದರ್ಜಿ ಎರಡೂ ಕೈಯಿಂದ ಟೇಪನ್ನು ಅವರ ಎಡಭುಜದಿಂದ ಬಲಭುಜಕ್ಕೆ ಹಿಡಿದಾಗಲೇ ಅವನ ಹೊಟ್ಟೆ ದೀರ್ಘವಾಗಿ ಗೊಣಗಿತು. ಅಂಗೈ ಒತ್ತಬೇಕೆಂದರೆ ಟೇಪು ಬಿಡಬೇಕು. ಬಿಟ್ಟರೆ ಅಳತೆ ಕೆಡುತ್ತದೆ. ಅವನ ಕಿವಿ ಕಾದ ಇಸ್ತ್ರಿಪೆಟ್ಟಿಗೆಯಾಯಿತು. ಟೇಪು ಬಿಡಲಿಲ್ಲ.

"ನನ್ನ ಹೊಟ್ಟೆ ಮೇಷ್ಟ್ರೆ. ಆಪರೇಷನ್ ಆಗಿ ಚೀಲ ಹಾಕಿದಾರೆ."

ಕನ್ನಡಿಯಲ್ಲಿ ಮೇಷ್ಟ್ರ ಕಣ್ಣು ಒಂದು ಕ್ಷಣ ಅವನ ಕಣ್ಣಿಗೆ ಸಿಕ್ಕಿತು. "ಭುಜ ಎಷ್ಟು ಬಂತು?" ಎಂದರು.

ದರ್ಜಿ ಮೆಲ್ಲಗೆ ಹೇಳಿದ. ಅಳತೆ ಗುರುತು ಹಾಕಿಕೊಳ್ಳಲು ಸೀಮೆಸುಣ್ಣ ಹಿಡಿದು ಕಾಯುತ್ತಿದ್ದ ಭಾಮೈದ ತಲೆಯೆತ್ತಿದ.

"ಕೇಳಿಸ್ಲಿಲ್ಲ ಭಾವ. ಸ್ವಲ್ಪ ಜೋರಾಗಿ ಹೇಳಿ."