ಪಲ್ಲವಿಗೆ ಬಿದ್ದ ಏಟುಗಳು

ನನ್ನ ತಮ್ಮ ಡಾರ್ಸಿಯ ದವಡೆ ಮುರಿದವನು ಲೆಸ್ ಪಾಸ್ಕೋ. ಹಗಲು ಉಕ್ಕಿನ ಕಾರ್ಖಾನೆ, ಸಂಜೆ ನಮ್ಮೂರಿನ ‘ಕೊಲಿಯರಿ’ ಎಂಬ ಪಬ್ಬಿನ ಬಾಗಿಲು ಕಾಯುವ ಕೆಲಸ. ಹಸಿರು ಕೂದಲಿನವರಿಗೆ ಒಳಗೆ ಜಾಗವಿಲ್ಲ ಎಂದ. ಡಾರ್ಸಿ ಅವನ ಬೂಟಿನ ಮೇಲೆ ಉಗಿದ. ಒಂದೇ ಗುದ್ದು. ದವಡೆಗೆ ತಂತಿ ಕಟ್ಟಿಸಿಕೊಂಡು ಬಿದ್ದಿದ್ದಾಗ ಆ ಪೆದ್ದ ಒಂದು ಹಾಡು ಬರೆದ. ‘ಹೊಡಿ, ಇನ್ನೊಂದು ಹೊಡಿ, ಇಷ್ಟೇನಾ ನಿನ್ನ ತಾಕತ್ತು?’ ಪಲ್ಲವಿ ಅಷ್ಟೇ. ಅವನು ಗಿಟಾರ್ ಹಿಡಿದು ಕಿರುಚಿದ, ನಾನು ಡ್ರಮ್ಸ್ ಬಾರಿಸಿದೆ, ಸೋದರಮಾವನ ಗ್ಯಾರೇಜಿನಲ್ಲಿ ರೆಕಾರ್ಡ್ ಆಯಿತು.

ಸಿಡ್ನಿಯ ರೇಡಿಯೋದವರು ಅದನ್ನು ಒಮ್ಮೆ ಹಾಕಿದರು, ಆಮೇಲೆ ಬಿಡಲೇ ಇಲ್ಲ. ಬೇಕರಿಯಲ್ಲೂ ಅದೇ, ಸಮುದ್ರದ ದಂಡೆಯಲ್ಲೂ ಅದೇ.

ನಮ್ಮ ಪಂಕ್ ಬ್ಯಾಂಡಿನ ಹಳೆಯ ಅಭಿಮಾನಿಗಳು ಬೆರಳೆಣಿಕೆಯಷ್ಟು. ಹಾಡು ಹಿಡಿಸಿದರೆ ನಮ್ಮ ಮೇಲೆ ಉಗಿಯುತ್ತಿದ್ದರು, ಪಂಕ್ ಮಂದಿಗೆ ಅದೇ ಪ್ರೀತಿ. ರೇಡಿಯೋ ಕೇಳಿ ಬಂದವರಿಗೆ ಆ ಪ್ರೀತಿ ಸಾಲಲಿಲ್ಲ. ಪಲ್ಲವಿಯನ್ನೇ ಅಪ್ಪಣೆ ಎಂದುಕೊಂಡರು. ಮೊದಲು ಒಬ್ಬ ಹುಡುಗಿ ವೇದಿಕೆ ಹತ್ತಿ ಕೆನ್ನೆಗೆ ತಟ್ಟಿದಳು. ಡಾರ್ಸಿ ನಕ್ಕ. ಪೇಪರಿನಲ್ಲಿ ಫೋಟೋ ಬಂತು. ಮುಂದಿನ ಊರಿನಲ್ಲಿ ಹಲ್ಲು ಹೋಯಿತು, ಅದರ ಮುಂದಿನ ಊರಿನಲ್ಲಿ ಹುಬ್ಬು ಸೀಳಿತು. ಬಲಗಣ್ಣಿನ ಒಳಪರದೆ ಬಿಟ್ಟುಕೊಳ್ಳುತ್ತಿದೆ, ಇನ್ನೊಂದು ಏಟು ಬಿದ್ದರೆ ಕಣ್ಣು ಹೋದಂತೆಯೇ ಎಂದರು ಡಾಕ್ಟರು.

“ಆ ಹಾಡು ಬಿಟ್ಬಿಡೋ,” ಎಂದೆ.

“ಬಿಟ್ರೆ ಯಾರ್ ಬರ್ತಾರೆ ಮರ್ನಾ? ನಿನ್ನ ಡ್ರಮ್ಸ್ ಕೇಳೋಕಾ? ಅಮ್ಮ ಪಾತ್ರೆ ತೊಳೆದಂಗಿರತ್ತೆ.”

“ಕುರುಡ ಆಗ್ತೀಯ ಕಣೋ!”

“ಒಂದ್ ಕಣ್ ತಾನೆ? ನಿನ್ನ ಮುಸುಡಿ ನೋಡೋಕೆ ಇನ್ನೊಂದು ಸಾಕು.”

ಸಿಟ್ಟಿಗೆ ನನಗೆ ಅಳು ಬಂತು.

ಡಾರ್ಸಿಯನ್ನು ಹೊರದಬ್ಬಿದ್ದ ಕೊಲಿಯರಿ ಪಬ್ಬೇ ಒಂದು ಭಾನುವಾರ ಮಧ್ಯಾಹ್ನಕ್ಕೆ ನಮ್ಮನ್ನು ಕರೆಯಿತು. ವೇದಿಕೆ ಕಾಯಲು ನಿಂತಿದ್ದವನು ಅದೇ ಲೆಸ್. ನಾಚಿಕೆ ಬಿಟ್ಟು ಅವನನ್ನೇ ಬೇಡಿಕೊಂಡೆ: “ಅವನ ಮುಖದ ಹತ್ರ ಯಾರನ್ನೂ ಬಿಡ್ಬೇಡ.”

“ನಾನು ಹೊಡೆದಿದ್ದು ಒಂದೇ ಸಲ ತಾಯಿ, ಅದೂ ಅವನು ಉಗಿದಿದ್ದಕ್ಕೆ,” ಎಂದ ಲೆಸ್. “ಇವರು ಟಿಕೆಟ್ ತಗೊಂಡು ಬಂದು ಹೊಡೀತಾರೆ. ನಿಲ್ತೀನಿ. ಆದ್ರೆ ನಾನೊಬ್ನೇ ಸಾಲಲ್ಲ.”

ಪಲ್ಲವಿ ಬಂದ ಕೂಡಲೇ ಜನ ನುಗ್ಗಿತು. ತೋಳು ಚಾಚಿ ನಿಂತ ಲೆಸ್‌ನನ್ನು ಕೆಡವಿ, ತುಳಿದುಕೊಂಡೇ ಹತ್ತಿದರು. ಮುಂದಿದ್ದವನ ಮುಷ್ಟಿಯಲ್ಲಿ ತುಂಬಿದ ಬಿಯರ್ ಕ್ಯಾನ್ ಇತ್ತು. ಡ್ರಮ್ಸ್ ನಿಲ್ಲಿಸಿ ಹಾರಿದೆ, ಕೋಲು ಬೀಸಿ ಅವನ ಬಾಯಿಗೇ ಬಾರಿಸಿದೆ. ಕೊಂದೇ ಬಿಡಬೇಕೆನಿಸಿತ್ತು. ತುಟಿ ಹರಿದು ರಕ್ತ ಸುರಿಯಿತು. ಅವನು ನಕ್ಕ! “ಇನ್ನೊಂದು!” ಎಂದು ಮುಖ ಒಡ್ಡಿದ. ಅವನ ಹಿಂದಿದ್ದವರೂ ಮುಖ ಒಡ್ಡಿ ಸಾಲುಗಟ್ಟಿದರು. ಪಬ್ಬಿನ ತುಂಬ ಚಪ್ಪಾಳೆ.

“ನಿಲ್ಸಿ! ಸಾಕು ನಿಲ್ಸಿ!” ಎಂದು ನಾನು ಅರಚಿದೆ.

ಡಾರ್ಸಿ ನನ್ನನ್ನು ಬದಿಗೆ ತಳ್ಳಿದ. “ಹಾಡು ಹಾಳ್ ಮಾಡ್ಬೇಡ ಕಣೇ!” ಡ್ರಮ್ಸ್ ಇಲ್ಲದೆಯೇ, ಕೈ ಬೆನ್ನ ಹಿಂದೆ ಕಟ್ಟಿಕೊಂಡು, ಮುಖ ಮುಂದೆ ಚಾಚಿ ಪಲ್ಲವಿ ಕಿರುಚಿದ. ಕ್ಯಾನು ಸರಿಯಾಗಿ ಬಲಗಣ್ಣಿಗೇ ಬಡಿಯಿತು. ಅವನ ಚೀತ್ಕಾರ ಮೈಕಿನಲ್ಲಿ ಮೊಳಗಿತು, ಜನರೂ ಹಾಗೆಯೇ ಚೀರಿ ಕುಣಿದರು.

ಆಸ್ಪತ್ರೆಯಲ್ಲಿ ಕಣ್ಣನ್ನು ತೆಗೆದೇ ಬಿಟ್ಟರು. ಮೂರನೆಯ ದಿನ ರೇಡಿಯೋದವನು ದ್ರಾಕ್ಷಿ ಹಿಡಿದು ವಾರ್ಡಿಗೆ ಬಂದ. ಅಂದಿನ ಕಾರ್ಯಕ್ರಮವನ್ನೂ ರೆಕಾರ್ಡ್ ಮಾಡಿಕೊಂಡಿದ್ದರಂತೆ.

“ಡ್ರಮ್ಸ್ ನಿಂತು ಆ ಕಿರುಚು ಬರತ್ತಲ್ಲ, ಅಬ್ಬಾ! ಜನ ಫೋನ್ ಮಾಡಿ ಅದನ್ನೇ ಕೇಳ್ತಿದಾರೆ,” ಎಂದ.

ನಾನು ಅವನ ಕುತ್ತಿಗೆಗೆ ಕೈ ಹಾಕುವಷ್ಟರಲ್ಲಿ ಡಾರ್ಸಿ ದಿಂಬಿನಿಂದ ತಲೆಯೆತ್ತಿದ. ಉಳಿದ ಒಂದು ಕಣ್ಣು ಹೊಳೆಯುತ್ತಿತ್ತು.

“ಮುಂದಿನ ಷೋ ಯಾವತ್ತು?”

ಅವನ ಎಡಗೆನ್ನೆಗೆ ಬಿಗಿದೆ, ಇದ್ದ ಶಕ್ತಿಯೆಲ್ಲ ಹಾಕಿ. ರೇಡಿಯೋದವನು ದ್ರಾಕ್ಷಿ ಅಲ್ಲೇ ಬಿಟ್ಟು ಓಡಿದ. ಡಾರ್ಸಿ ನಗಲಿಲ್ಲ. ಎರಡೂ ಕೈ ಮುಖಕ್ಕೆ ಅಡ್ಡ ಹಿಡಿದು ಗೋಡೆಗೆ ಮುದುರಿಕೊಂಡ.

“ಹೊಡೀಬೇಡ ಕಣೇ,” ಎಂದ. “ನೋಯತ್ತೆ.”