ಜನರಲ್‌ನ ಹಾಜರಿ

ಕಳವಾರ ಎಂಬ ಹಳ್ಳಿಯಲ್ಲಿ ಹೊರಗಿನಿಂದ ಯಾರಾದರೂ ಹೆಸರು ಹಿಡಿದು ಕೂಗಿದರೆ ಮೂರನೇ ಕೂಗಿಗೇ ‘ಓ’ ಅನ್ನಬೇಕು. “ಒಂದೇ ಸಲ ಕರ್ಯೋದು ಮನುಷ್ರಲ್ಲ ಕಣೋ,” ಎಂದು ಕದಿರಮ್ಮ ಮಗನಿಗೆ ಹೇಳಿ ಹೇಳಿ ಸೋತಿದ್ದಳು. ಮಿಲಿಟರಿಯಲ್ಲಿ ಮೂರನೇ ಕೂಗಿಗೆ ಕಾದರೆ ಬೆನ್ನು ಮುರಿಯುತ್ತಾರೆ! ಹನ್ನೆರಡು ವರ್ಷದಿಂದ ಸಿಪಾಯಿಯಾಗಿದ್ದ ಆ ಮಗ ರಾಮಾಂಜಿನಪ್ಪನಿಗೆ ಹೆಸರು ಕಿವಿಗೆ ಬೀಳುತ್ತಲೇ ‘ಹಾಜರ್’ ಅನ್ನುವುದು ಅಂಟಿಹೋಗಿತ್ತು.

ಸಾವಿರದ ಒಂಬೈನೂರ ಅರವತ್ತೆರಡರಲ್ಲಿ ಅವನ ಪಲ್ಟನ್ನು ವಿಶ್ವಸಂಸ್ಥೆಯ ಪರವಾಗಿ ಆಫ್ರಿಕಾದ ಕಾಂಗೋ ದೇಶದಲ್ಲಿತ್ತು. ಅಲ್ಲಿ ಅಣ್ಣತಮ್ಮಂದಿರೇ ಹೊಡೆದಾಡುತ್ತಿದ್ದರು. ಸೆರೆಸಿಕ್ಕ ಒಬ್ಬ ಜನರಲ್‌ಗೆ ಇವನದೇ ಕಾವಲು. ಆ ಮಹಾಶಯ ಎರಡು ವರ್ಷದ ಹಿಂದೆ ಅಂಚೆ ಕಚೇರಿಯಲ್ಲಿ ಮೊಹರು ಒತ್ತುತ್ತಿದ್ದವನು. ದಂಗೆ ಶುರುವಾದ ಮೇಲೆ ಸಾರ್ಜೆಂಟ್, ಆರು ತಿಂಗಳಿಗೆ ಕರ್ನಲ್, ವರ್ಷ ತುಂಬುವಷ್ಟರಲ್ಲಿ ಜನರಲ್. ಹಿಡಿದ ಊರಲ್ಲೆಲ್ಲ ಜನರನ್ನು ಸಾಲಾಗಿ ನಿಲ್ಲಿಸಿ, ಒಂದು ಹೆಸರನ್ನು ಒಂದೇ ಸಲ ಕೂಗುತ್ತಿದ್ದನಂತೆ. ಓಗೊಟ್ಟವರಿಗೆ ಗುಂಡು. ಯಾರೂ ಓಗೊಡದಿದ್ದರೆ ಇಡೀ ಸಾಲಿಗೇ ಗುಂಡು. ಮುಖ ಯಾರದಾದರೂ ಆ ಪಾಪಿಗೆ ಒಂದೇ, ‘ಓ’ ಅನ್ನುವ ಬಾಯಿ ಸಿಕ್ಕರೆ ಸಾಕು.

ಜ್ವರದಲ್ಲಿ ಸಾಯುವ ದಿನ ಅವನು ಕಾವಲುಗಾರನ ಹೆಸರು ಕೇಳಿದ. ಇವನೋ ಪೆದ್ದ, ಹೇಳಿಬಿಟ್ಟ. “ಲಾಮಾಂಜಿ,” ಎಂದು ನಾಲಿಗೆ ಹೊರಳಿಸಿ, ನಕ್ಕು, ಜನರಲ್ ಕಣ್ಣು ಮುಚ್ಚಿದ.

ರಜೆಗೆ ಬಂದ ರಾಮಾಂಜಿನಪ್ಪ ಇದನ್ನೆಲ್ಲ ತಾಯಿಗೆ ಹೇಳಿದ.

“ದ್ಯಾವುಡಾ! ಸಾಯೋನ್ಗೆ ಹೆಸರು ಕೊಟ್ಟು ಬಂದ್ಯೇನಪ್ಪಾ?” ಕದಿರಮ್ಮ ಉಣ್ಣುತ್ತಿದ್ದ ತಟ್ಟೆ ಬಿಟ್ಟೆದ್ದಳು.

ಮೂರನೇ ದಿನ ಮಟಮಟ ಮಧ್ಯಾಹ್ನ. ಹೆಂಡತಿ ಶ್ಯಾಮಲಮ್ಮ ಮಗುವಿಗೆ ಮುದ್ದೆ ತಿನ್ನಿಸುತ್ತಿದ್ದಳು. ಬೊಗಳುತ್ತಿದ್ದ ನಾಯಿ ತಟ್ಟನೆ ಸುಮ್ಮನಾಯಿತು.

“ಲಾಮಾಂಜಿ!”

ದನಿ ಅಂಗಳದ್ದು. ಊರಲ್ಲಿ ಅವನನ್ನು ಹಾಗೆ ಕರೆಯುವವರು ಯಾರೂ ಇರಲಿಲ್ಲ. ಆದರೂ, ಹಾಳು ಅಭ್ಯಾಸ, ‘ಹಾ’ ಎಂದು ಅವನ ಬಾಯಿ ತೆರೆಯಿತು. ಕದಿರಮ್ಮ ಹಾರಿ ಬಂದು ಅದಕ್ಕೆ ಅಂಗೈ ಒತ್ತಿದಳು. ಎರಡನೇ ಕೂಗು ಬರಲಿಲ್ಲ.

“ಹೋಯ್ತು ಕಣತ್ತೆ,” ಶ್ಯಾಮಲಮ್ಮ ಪಿಸುಗುಟ್ಟಿದಳು.

ಆಗ ಜಗಲಿಯ ಮೇಲೆ ಬೂಟಿನ ಸದ್ದು. ಸಾಲಿನಲ್ಲಿ ನಿಂತವರನ್ನು ಎಣಿಸುತ್ತ ಹೋಗುವಂತೆ ಒಂದು, ಎರಡು, ಮೂರು, ನಾಲ್ಕು. ನಿಂತಿತು. ಮನೆಯೊಳಗಿದ್ದವರು ನಾಲ್ವರು.

ಕದಿರಮ್ಮ ಸೊಸೆಯನ್ನು ನೋಡಿದಳು. ಬಾಯಿತುಂಬ ಮುದ್ದೆ ಇಟ್ಟುಕೊಂಡ ಮೊಮ್ಮಗುವನ್ನು ನೋಡಿದಳು. ಕೊಸರಾಡುತ್ತಿದ್ದ ಮಗನ ಬಾಯಿಂದ ಕೈ ತೆಗೆಯದೆ ಬಾಗಿಲ ಕಡೆ ತಿರುಗಿದಳು.

“ಓ... ಬಂದೆ ಕಣಪ್ಪಾ.”

ಬೂಟುಗಳು ಜಗಲಿ ಇಳಿದು ಹೋದವು. ರಾಮಾಂಜಿನಪ್ಪನ ಬಾಯಿ ಮೇಲಿದ್ದ ಅಂಗೈ ತಣ್ಣಗಾಗಿ, ಮೆಲ್ಲಗೆ ಜಾರಿ ಬಿತ್ತು.