ಕತ್ತರಿಗೆ ಸಿಕ್ಕ ಹೌದು

ನಾನು ಎಡಿಟ್ ಮಾಡುವ ಚಿತ್ರಗಳ ನಿರ್ದೇಶಕ ಸ್ಟಫಾನ್ ಮೇಲೆ ನನಗೆ ಮೊದಲಿನಿಂದಲೂ ಅನುಮಾನ. ಸ್ಟಾಕ್‌ಹೋಮ್‌ನಲ್ಲೇ ಹುಟ್ಟಿ ಬೆಳೆದವನು. ನಮ್ಮ ಉತ್ತರದ ಕಡೆಯವರ ಬಗ್ಗೆ ಚಿತ್ರ ಮಾಡಿದಾಗಲೆಲ್ಲ ಅವನಿಗೊಬ್ಬ ತಪ್ಪಿತಸ್ಥ ಬೇಕೇ ಬೇಕು. ಈ ಸಲ ಸಿಕ್ಕವನು ನಮ್ಮೂರಿನ ಹಿಲ್ಡಿಂಗ್, ಎಂಬತ್ತೆರಡರ ಮುದುಕ. ನಲವತ್ತು ವರ್ಷದ ಹಿಂದೆ ಅವನ ತಮ್ಮ ಕೆರೆಯ ಮೇಲಿನ ಮಂಜುಗಡ್ಡೆ ಒಡೆದು ಮುಳುಗಿ ಸತ್ತ. ಗಡ್ಡೆ ತೆಳುವಾಗಿದೆಯೆಂದು ಗೊತ್ತಿದ್ದೂ ಅಣ್ಣ ಬಾಯಿ ಬಿಡಲಿಲ್ಲವೆಂದು ಊರು ಇವತ್ತಿಗೂ ಪಿಸುಗುಟ್ಟುತ್ತದೆ. ಆ ಮಾತಿಗೆ ಉತ್ತರ ಕೊಡಲೆಂದೇ ಅವನು ಕ್ಯಾಮೆರಾ ಮುಂದೆ ಕೂತಿದ್ದ.

ಚಿತ್ರ ಭಾನುವಾರ ಟಿವಿಯಲ್ಲಿ ಬರುವುದಿತ್ತು. ಶುಕ್ರವಾರ ಹಿಲ್ಡಿಂಗ್ ಫೋನ್ ಮಾಡಿದ.

"ಗುನ್ವೋರ್, ಚಿತ್ರದ ಜಾಹೀರಾತಲ್ಲಿ ನನ್ ಹೌದು ಎಲ್ಲೋಯ್ತು? ಅದನ್ನ ನೋಡಿ ಸತ್ತ ತಮ್ಮನ ಹೆಂಡ್ತಿ ನಿನ್ನೆ ಕಾಫಿಗೂ ಬರ್ಲಿಲ್ಲ."

ಹಾಕಿ ನೋಡಿದೆ. "ಗಡ್ಡೆ ತೆಳು ಇದೆ ಅಂತ ತಮ್ಮಂಗೆ ಹೇಳಿದ್ಯಾ?" ಎಂಬ ಪ್ರಶ್ನೆ. ಮುದುಕನ ಮುಖ. ಒಂದು ಸದ್ದೂ ಇಲ್ಲ. ನೋಡಿದವರು ಇವನೇ ಕೊಂದ ಅನ್ನಬೇಕು, ಹಾಗಿತ್ತು.

ನಮ್ಮ ಕಡೆ ಹೌದು ಅನ್ನುವುದಕ್ಕೆ ಮಾತು ಬೇಕಿಲ್ಲ. ತುಟಿ ಚೂರು ತೆರೆದು ಸರ್ರನೆ ಉಸಿರು ಒಳಗೆಳೆದರಾಯಿತು. ನಮಗೆ ಅದು ಆಣೆಗೆ ಸಮ. ಆ ಉಸಿರನ್ನು ಯಾರೋ ಎತ್ತಿಬಿಟ್ಟಿದ್ದರು.

ಮೂರು ಗಂಟೆಯ ಕಾಫಿಗೆ ಸ್ಟುಡಿಯೋದವರೆಲ್ಲ ಸೇರಿದ್ದರು. ಸ್ಟಫಾನ್ ದಾಲ್ಚಿನ್ನಿ ಬನ್ ಅದ್ದಿಕೊಂಡು ತಿನ್ನುತ್ತಿದ್ದ.

"ಮುದುಕನ ಹೌದು ಯಾಕ್ ತೆಗೆಸ್ದೆ?" ಅಂದೆ.

"ಯಾವ್ ಹೌದು?" ಅವನ ಕಿವಿ ಕೆಂಪಾಯಿತು. ಕುಂಬಳಕಾಯಿ ಕಳ್ಳ ಅಂದರೆ ಹೆಗಲು ಮುಟ್ಟಿ ನೋಡಿಕೊಂಡ ಎಂದುಕೊಂಡೆ.

"ಮಳ್ಳನ ಥರ ಆಡ್ಬೇಡ."

"ತಾಯೀ, ಚಿತ್ರಕ್ಕೆ ಕೈ ಹಚ್ಚಿದೋಳು ನೀನೊಬ್ಳೇ. ಹೋಗಿ ನೋಡ್ಕೊ."

ನೋಡಿದೆ, ಅವನನ್ನು ಹಿಡಿದೇಬಿಡಬೇಕೆಂದು. ಒಂದೊಂದು ದಿನದ ಕೆಲಸವೂ ಮಾಡಿದವರ ಹೆಸರಿನ ಸಮೇತ ಕಂಪ್ಯೂಟರಿನಲ್ಲಿ ಉಳಿದಿರುತ್ತದೆ. ಮಾರ್ಚ್ ಎಂಟರ ಪ್ರತಿಯಲ್ಲಿ ಉಸಿರಿತ್ತು. ಒಂಬತ್ತರದ್ದರಲ್ಲಿ ಇರಲಿಲ್ಲ. ಒಂಬತ್ತರ ಕೆಲಸದ ಮುಂದಿದ್ದ ಹೆಸರು ನನ್ನದು.

ಇಪ್ಪತ್ತೆರಡನೇ ವಯಸ್ಸಿಗೆ ಸ್ಟಾಕ್‌ಹೋಮ್‌ಗೆ ಬಂದಾಗ ನನ್ನ ಉಸಿರಿನ ಹೌದು ಕೇಳಿ ಎಡಿಟಿಂಗ್ ಕೋಣೆಯವರು ಬಿದ್ದು ಬಿದ್ದು ನಕ್ಕಿದ್ದರು. ವರ್ಷದೊಳಗೆ ಆ ಅಭ್ಯಾಸ ಬಿಟ್ಟೆ. ಆಮೇಲೆ ಮೂವತ್ತನಾಲ್ಕು ವರ್ಷ ಬೇರೆಯವರ ಏದುಸಿರು, ನಿಟ್ಟುಸಿರು ಎಲ್ಲವನ್ನೂ ಕಿತ್ತು ಮಾತು ನುಣುಪು ಮಾಡಿದೆ. ಪ್ರಶಸ್ತಿ ಬಂದದ್ದೂ ಆ ನುಣುಪಿಗೇ. ಹಿಲ್ಡಿಂಗ್‌ನ ಹೌದನ್ನೂ ಕಸವೆಂದು ಗುಡಿಸಿ ಹಾಕಿದ್ದೆ.

ಉಸಿರನ್ನು ಮತ್ತೆ ಅದರ ಜಾಗಕ್ಕೆ ಸೇರಿಸಿ ಹಿಲ್ಡಿಂಗ್‌ಗೆ ಫೋನ್ ಮಾಡಿದೆ.

"ಕತ್ತರಿಸಿದ್ದು ನಾನೇ. ಭಾನುವಾರ ಸರಿಯಾಗಿ ಬರತ್ತೆ."

"ನೀನಾ? ಬೇಕಂತ್ಲೇ ಮಾಡಿದ್ಯಾ?"

"ಇಲ್ಲ, ಹಿಲ್ಡಿಂಗ್! ಕೈಗೆ ಅಭ್ಯಾಸ ಆಗೋಗಿತ್ತು. ಗೊತ್ತಾಗ್ಲೇ ಇಲ್ಲ, ನಿಜವಾಗ್ಲೂ."



"ಇರಬಹುದು," ಅಂದ. "ತಮ್ಮಂಗೆ ಹೇಳಿದ್ದೆ ಅಂದ್ರೆ ಊರೋರೂ ನಂಗೆ ನಲವತ್ತು ವರ್ಷದಿಂದ ಇಷ್ಟೇ ಹೇಳೋದು, ಇರಬಹುದು ಅಂತ."